ಕಾರೆ ಅಂದರೆ ಯಾವ ಕಾರೆ? ಮೇಕೆ ಹಿಂದೆ ಹೋಗಿ ಹೆಸರು ಹಿಡಿದ ನನ್ನ ಅನುಭವ

ಹೊಲದ ಬದುವಿಗೆ ಕಾರೆ ಅನ್ನೋ ಮುಳ್ಳುಗಿಡ ಹಾಕಬೇಕು ಅಂತ ಹೊರಟವನು ನಾನು. ಬೇಲಿಯೂ ಆಗುತ್ತೆ, ಬೇಸಿಗೆಯಲ್ಲಿ ಮೇಕೆಗೆ ಮೇವೂ ಆಗುತ್ತೆ ಅನ್ನೋದು ಲೆಕ್ಕ. ಹಿರಿಯೂರು ಸೀಮೆಯಲ್ಲಿ ಮೇಕೆ ಸಾಕಿದವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಹುಲ್ಲು ಒಣಗಿ ಪುಡಿಯಾದ ಮೇಲೂ ಕಾರೆಯಲ್ಲಿ ನಾಲ್ಕು ಎಲೆ ಇರುತ್ತೆ. ಕಡಿದರೆ ಚಿಗುರುತ್ತೆ, ಮೇಕೆ ಮೇಯ್ದರೂ ಚಿಗುರುತ್ತೆ.

ಒಂದು ನರ್ಸರಿಯಲ್ಲಿ ಕೇಳಿದೆ. 'ಕಾರೆ ಇದೆ, ಎಷ್ಟು ಬೇಕು?' ಅಂದರು. 300 ಸಸಿ, ಒಂದಕ್ಕೆ 30 ರೂಪಾಯಿ. ಗಾಡಿ ಬಾಡಿಗೆ ಸೇರಿ ಹತ್ತು ಸಾವಿರದ ಹತ್ತಿರ ಬಂತು. ನೆಟ್ಟು ಎರಡು ತಿಂಗಳಾದ ಮೇಲೆ ಒಂದು ಎಲೆ ಕಿತ್ತೆ. ಬಿಳಿ ಹಾಲು ಬಂತು. ಅಲ್ಲಿಗೆ ಮುಗೀತು. ಕಾರೆಯಲ್ಲಿ ಹಾಲು ಎಲ್ಲಿಂದ ಬರುತ್ತೆ? ಅವರು ಕೊಟ್ಟಿದ್ದು ಕರಂಡೆ, ನಮ್ಮ ಕವಳಿ ಹಣ್ಣಿನ ಗಿಡದ ದೊಡ್ಡ ಅಣ್ಣ. ಉಪ್ಪಿನಕಾಯಿ ಹಾಕೋರಿಗೆ ಒಳ್ಳೆಯ ಗಿಡ. ನನ್ನ ಮೇಕೆಗಳು ಮೂಸಿ ಮುಂದೆ ಹೋದವು. ಅವರು ಮೋಸ ಮಾಡಿದರು ಅಂತ ನಾನು ಹೇಳಲ್ಲ. ಅವರ ಬಾಯಲ್ಲಿ ಅದೇ ಕಾರೆ.

ಮುಂದಿನ ವರ್ಷ ಹುಷಾರಾಗಿ ಇನ್ನೊಂದು ಕಡೆಯಿಂದ ತಂದೆ. ಈ ಸಲ ಮೊದಲೇ ಎಲೆ ಕಿತ್ತು ನೋಡಿದ್ದೆ, ಹಾಲು ಇರಲಿಲ್ಲ. ಮುಳ್ಳು ಇತ್ತು, ಎಲೆ ಎದುರುಬದುರು ಇತ್ತು. 180 ಸಸಿಗೆ ಐದೂವರೆ ಸಾವಿರವೋ ಆರೋ ಕೊಟ್ಟೆ, ಸರಿಯಾಗಿ ನೆನಪಿಲ್ಲ. ಬೆಳೆದಾಗ ನೋಡಿದರೆ ಎಲೆ ದೊಡ್ಡದು, ಕಡ್ಡಿ ದಪ್ಪ. ಊರಿನ ಅಜ್ಜಿಯೊಬ್ಬರು ನೋಡಿ ನಕ್ಕರು. 'ಅಯ್ಯೋ, ಇದು ಮಗ್ಗಾರೆ ಕಣಪ್ಪ. ಕಾಯಿ ಜಜ್ಜಿ ನೀರಿಗೆ ಹಾಕಿದರೆ ಮೀನು ತೇಲುತ್ತೆ.' ಅದೇ ಕಾಯಿ ಆಯುರ್ವೇದದವರ ಮದನಫಲ, ವಾಂತಿ ಮಾಡಿಸೋಕೆ ಕೊಡೋದು. ಮೇಕೆಗಳು ಚಿಗುರು ತಿಂದವು, ಬಲಿತ ಎಲೆ ಬಿಟ್ಟವು. ಗಿಡ ಕೆಟ್ಟದ್ದೇನಲ್ಲ, ಆದರೆ ನನಗೆ ಬೇಕಾಗಿದ್ದು ಅದಲ್ಲವಲ್ಲ.

ಹದಿನಾರು ಸಾವಿರ ಹೋದ ಮೇಲೆ ಸಿಟ್ಟು ಗಿಡದ ಮೇಲಿಂದ ಹೆಸರಿನ ಮೇಲೆ ತಿರುಗಿತು. ಕಾರೆ ಅಂತ ಯಾರು, ಯಾವುದಕ್ಕೆ, ಯಾವಾಗ ಅನ್ನುತ್ತಾರೆ ಅಂತ ನೋಡೇಬಿಡೋಣ ಅಂದುಕೊಂಡೆ. ಪರಿಚಯದ ಸಸ್ಯಶಾಸ್ತ್ರದ ಮೇಷ್ಟ್ರೊಬ್ಬರು ಬೇಡ ಅಂದರು. 'ಹಳ್ಳಿ ಹೆಸರು ನಂಬಿ ಕೆಟ್ಟೆ ನೀನು. ಶಾಸ್ತ್ರದ ಹೆಸರು ಹಿಡಿ, ಅದು ಬದಲಾಗಲ್ಲ.' ಆಮೇಲೆ ನೋಡಿದರೆ ಹಳೆಯ ಪುಸ್ತಕದಲ್ಲಿ ಕಾರೆ ಕ್ಯಾಂಥಿಯಂ ಪಾರ್ವಿಫ್ಲೋರಂ, ಈಗ ಕ್ಯಾಂಥಿಯಂ ಕೋರಮಂಡಲಿಕಂ. ಮಗ್ಗಾರೆ ಆಗ ರಾಂಡಿಯಾ ಡ್ಯೂಮೆಟೋರಂ, ಈಗ ಕ್ಯಾಟುನರೇಗಂ ಸ್ಪೈನೋಸ. ನಮ್ಮ ಅಜ್ಜಿ ಮಾತ್ರ ಹುಟ್ಟಿದಾಗಿನಿಂದ ಮಗ್ಗಾರೆ ಅಂತಲೇ ಅನ್ನುತ್ತಿದ್ದಾರೆ. ಇದನ್ನು ಮೇಷ್ಟ್ರಿಗೆ ಹೇಳಿದೆ, ಅವರೂ ನಕ್ಕರು.

ಶುರುವಿನಲ್ಲಿ ಎಲ್ಲರೂ ಮಾಡೋ ತಪ್ಪನ್ನೇ ಮಾಡಿದೆ. ಮೊಬೈಲಿನಲ್ಲಿ ಫೋಟೊ ತೆಗೆದು ತೋರಿಸುತ್ತಾ ಹೋದೆ. ಕುರಿ ಕಾಯೋ ತಾತನಿಗೆ ಹೂವಿನ ಹತ್ತಿರದ ಚಿತ್ರ ತೋರಿಸಿದರೆ 'ಇದೇನು ಮಲ್ಲಿಗೆಯಾ?' ಅಂದರು. ಕಾರೆ ಹೂ ಹಸಿರು ಹಳದಿ, ನಿಜವಾಗಿ ಕಾಳಿನಷ್ಟು ಸಣ್ಣದು. ಪರದೆಯಲ್ಲಿ ಅಂಗೈಯಗಲ ಕಂಡರೆ ಅವರು ಏನಂತಾರೆ? ಗಿಡ ಗುರುತಿಸೋ ಆಪ್ ಕೂಡ ಹಾಕಿ ನೋಡಿದೆ. ಮುಳ್ಳಿರೋದಕ್ಕೆಲ್ಲ ಅದಕ್ಕೆ ತೋಚಿದ ಹೆಸರು ಹೇಳಿತು.

ಇನ್ನೊಂದು ತಪ್ಪು ಇದಕ್ಕಿಂತ ದೊಡ್ಡದು. 'ಇದು ಕಾರೆ ಅಲ್ವಾ?' ಅಂತ ಕೇಳುತ್ತಿದ್ದೆ. ಎಲ್ಲರೂ ಹೂಂ ಅನ್ನುತ್ತಿದ್ದರು. ಅನುಮಾನ ಬಂದು ಒಂದು ದಿನ ಬೇಕಂತಲೇ ಕವಳಿ ಕೊಂಬೆ ಹಿಡಿದು ಅದೇ ಪ್ರಶ್ನೆ ಕೇಳಿದೆ. ಆರು ಜನರಲ್ಲಿ ನಾಲ್ಕು ಜನ ಹೂಂ ಅಂದರು. ದೂರದಿಂದ ಬಂದಿದ್ದಾನೆ, ಸುಮ್ನೆ ಯಾಕೆ ಬೇಜಾರು ಮಾಡೋದು ಅಂತ! ಅಲ್ಲಿಗೆ ಐದಾರು ತಿಂಗಳ ನೋಟ್‌ಬುಕ್ ಅಟ್ಟಕ್ಕೆ ಹೋಯಿತು.

ಆಮೇಲೆ ಹಿಡಿದ ದಾರಿ ಹೆಸರನ್ನು ಕೇಳದೇ ಇರೋದು. ಬೆಳಗ್ಗೆ ಮೇಕೆ ಕೂಡೋ ರೊಪ್ಪದ ಹತ್ತಿರ ಹೋಗಿ ಮೇಕೆ ಹಿಂದೆ ಹೊರಡುತ್ತಿದ್ದೆ, ಸಂಜೆ ವಾಪಸ್. ಕಾಯೋರ ಜೊತೆ ಮಳೆ, ಮದುವೆ, ಸಾಲ ಏನಾದರೂ ಮಾತಾಡುತ್ತಿದ್ದೆ. ಮಾತಿನ ನಡುವೆ ಗಿಡದ ಹೆಸರು ತಾನಾಗಿ ಬೀಳುತ್ತೆ. 'ಆ ಕಾರೆ ಮೆಳೆ ಕಡೆ ಹೊಡಿ', 'ಕಾರೆ ಮುಳ್ಳು ತಗುಲಿ ಕೆಚ್ಚಲು ಹರೀತು', ಹೀಗೆ. ಬಿದ್ದ ತಕ್ಷಣ ಬರೆಯಲ್ಲ. ಆ ಮೆಳೆಗೆ ಹೋಗಿ ಒಂದು ಕಡ್ಡಿ ಮುರಿದು, ದಾರ ಕಟ್ಟಿ, ಚೀಲಕ್ಕೆ ಹಾಕುತ್ತೇನೆ. ರಾತ್ರಿ ಮಾತು ಒಂದು ಕಡೆ, ಕಡ್ಡಿ ಒಂದು ಕಡೆ ಇಟ್ಟು ಜೋಡಿಸುತ್ತೇನೆ. ಮೇಕೆ ಅದನ್ನು ತಿಂತಾ, ಎಷ್ಟು ಹೊತ್ತು ತಿಂತು, ಚಿಗುರಾ ಬಲಿತದ್ದಾ ಅನ್ನೋದಕ್ಕೂ ಒಂದು ಸಾಲು. ಮಧ್ಯಾಹ್ನ ಬುತ್ತಿ ಬಿಚ್ಚಿದಾಗ ಕೇಳೋ ಒಂದೇ ಒಂದು ಪ್ರಶ್ನೆ ಇದೆ. ಅದರಿಂದ ಅರ್ಧ ಕೆಲಸ ಆಗುತ್ತೆ. ಅದು ನನ್ನ ಹತ್ತಿರವೇ ಇರಲಿ.

'ಇದೂ ಒಂದು ಕೆಲಸವಾ' ಅಂತ ಮನೆಯಲ್ಲಿ ಅಂದರು, ಊರಲ್ಲೂ ಅಂದರು. ಎರಡು ವರ್ಷದಲ್ಲಿ ಪೆಟ್ರೋಲಿಗೆ ಏಳು ಸಾವಿರ ಹೋಗಿರಬಹುದು. ಕೆಲವು ದಿನ ಜೊತೆಗೆ ಹುಡುಗನೊಬ್ಬನನ್ನು ಕರೆದುಕೊಂಡು ಹೋದೆ, ದಿನಕ್ಕೆ 300. ಸಸಿ ದುಡ್ಡೂ ಸೇರಿದರೆ ಒಟ್ಟು ಮೂವತ್ತು ಸಾವಿರ ದಾಟಿದೆ. ಒಂದು ಹೆಸರಿಗೆ ಮೂವತ್ತು ಸಾವಿರ.

ಸಿಕ್ಕಿದ್ದೇನು ಅಂದರೆ, ಬರೀ 'ಕಾರೆ' ಅನ್ನೋ ಮಾತು ಒಂದು ಗಿಡಕ್ಕೆ ಅಂಟಿಕೊಂಡಿಲ್ಲ. ಆ ಜಾಗದಲ್ಲಿ ಜನ ದಿನಾ ಮುಟ್ಟೋ ಮುಳ್ಳುಗಿಡ ಯಾವುದೋ, ಬರೀ ಹೆಸರು ಅದಕ್ಕೆ. ಪಕ್ಕದ ನೆಂಟ ಗಿಡಕ್ಕೆ ಆ ಹೆಸರಿನ ಮೊದಲಿಗೆ ಇನ್ನೊಂದು ಮಾತು ಸೇರುತ್ತೆ. ಮಗ್ಗಾರೆ, ಬನಗಾರೆ ಇವೆಲ್ಲ ಹಾಗೆ ಆಗಿದ್ದು. ಕಾರೆಯ 'ಕ' ಇಲ್ಲಿ 'ಗ' ಆಗಿದೆ, ಶಾಲೆಯಲ್ಲಿ ಓದಿದ ಆದೇಶ ಸಂಧಿ. ಇದು ಹೊಳೆಯೋಕೆ ನನಗೆ ವರ್ಷ ಬೇಕಾಯಿತು ನೋಡಿ. ಅಲ್ಲಿವರೆಗೂ 'ಗಾರೆ' ಅಂದಾಗೆಲ್ಲ ಮನೆ ಕಟ್ಟೋ ಗಾರೆಯೇ ತಲೆಗೆ ಬರುತ್ತಿತ್ತು.

ನಮ್ಮ ಒಣ ಸೀಮೆಯಲ್ಲಿ ಬರೀ ಕಾರೆ ಅಂದರೆ ಸಣ್ಣೆಲೆಯದು. ನೆಟ್ಟಗಿನ ಜೋಡಿಮುಳ್ಳು, ಹಳದಿ ಹಣ್ಣು, ಹಣ್ಣಿನ ತಲೆಯಲ್ಲಿ ಸಣ್ಣ ಕಚ್ಚು, ಒಳಗೆ ಎರಡು ಬೀಜ. ಮಲೆನಾಡಿನ ಸೆರಗಿನ ಕಡೆ ಹೋದೆ, ಅಲ್ಲಿ ಮಗ್ಗಾರೆಗೇ ಕಾರೆ ಅನ್ನೋರು ಸಿಕ್ಕರು. ಬಿಳಿ ಹೂ ಬಿಟ್ಟು ಆಮೇಲೆ ಹಳದಿಗೆ ತಿರುಗುತ್ತಲ್ಲ, ಸಣ್ಣ ಸೀಬೆ ತರದ ಕಾಯಿ ತಲೆ ಮೇಲೆ ಕಿರೀಟ ಹೊತ್ತಿರುತ್ತಲ್ಲ, ಅದು. ನಮ್ಮದನ್ನು ತೋರಿಸಿದರೆ ಒಳ್ಳೆಕಾರೆ ಅಂದರು. ಯಾಕೆ ಒಳ್ಳೆ? ಒಂದರ ಹಣ್ಣು ತಿನ್ನಬಹುದು, ಇನ್ನೊಂದರದು ತಿಂದರೆ ವಾಂತಿ. ಇದು ನನ್ನ ಊಹೆ, ಆದರೆ ಊಹೆಯನ್ನು ಬಿಟ್ಟುಕೊಡಲ್ಲ. ಹಾಗಾದರೆ ನನ್ನ ಎರಡನೇ ನರ್ಸರಿಯವರೂ ತಪ್ಪು ಮಾಡಿರಲಿಲ್ಲ. ಅವರ ಸಸಿ ಬಂದಿದ್ದು ಎಲ್ಲಿಂದ ಅಂತ ನಾನು ಕೇಳಿರಲಿಲ್ಲ, ಅಷ್ಟೇ.

ಒಂದೇ ಊರಲ್ಲೂ ಹೆಸರು ಬೇರೆ ಬೇರೆ ಕೆಲಸ ಮಾಡುತ್ತೆ. ಸೌದೆ ಆರಿಸೋ ಹೆಂಗಸರಿಗೆ ಕಾರೆ ಅಂದರೆ ಮುಳ್ಳು, ಹೊರೆಗೆ ಸೇರಿಸಬಾರದ್ದು. ಮಕ್ಕಳಿಗೆ ಅದು ಹಣ್ಣು. ನಾವೂ ಚಿಕ್ಕವರಿದ್ದಾಗ ಕಾಯಿ ತಂದು ಹುಲ್ಲಿನ ಬಣವೆಯಲ್ಲಿ ಮುಚ್ಚಿಟ್ಟು ಹಣ್ಣು ಮಾಡುತ್ತಿದ್ದೆವು. ಮೇಕೆ ಕಾಯೋರಿಗೆ ಅದು ಸೊಪ್ಪು. ಮಗ್ಗಾರೆ, ಬಾರೆಹಣ್ಣಿನ ಗಿಡದ ಮಧ್ಯೆ ನಿಂತು ಇಡೀ ಕುರುಚಲಿಗೇ 'ಕಾರೆ' ಅಂದವರೂ ಇದ್ದಾರೆ. ಅವರ ಮಟ್ಟಿಗೆ ಮೇಕೆ ಬಾಯಿ ಹಾಕೋ ಮುಳ್ಳುಮೆಳೆಯೆಲ್ಲ ಕಾರೆ. ಮೊದಮೊದಲು ಇಂಥವನ್ನು ತಪ್ಪು ಅಂತ ಹೊಡೆದುಹಾಕುತ್ತಿದ್ದೆ. ಈಗ ಅವೇ ನನ್ನ ಪಟ್ಟಿಯ ಒಳ್ಳೆಯ ಸಾಲುಗಳು.

ಬಂದರಿಕೆಗೋ ತಂಗಡಿಗೋ ಕಾರೆ ಅಂದವರು ಒಬ್ಬರೂ ಸಿಗಲಿಲ್ಲ. ಗುಡ್ಡದ ತುಂಬಾ ಅವೇ ಇವೆ, ಅವೂ ಗಟ್ಟಿ ಗಿಡಗಳೇ, ಆದರೆ ಮುಳ್ಳಿಲ್ಲ, ಮೇಕೆ ಬಾಯಿಗೂ ಹತ್ತಲ್ಲ. ಮೇಯಿಸಿ ಮೇಯಿಸಿ ಬೇರೆಯದೆಲ್ಲ ಮುಗಿದ ಜಾಗದಲ್ಲಿ ಅವೇ ಉಳಿಯೋದು. ಆಡು ಮುಟ್ಟದ ಸೊಪ್ಪಿಲ್ಲ ಅನ್ನೋ ಗಾದೆ ಕಟ್ಟಿದವರು ಗುಡ್ಡ ಹತ್ತಿರಲಿಕ್ಕಿಲ್ಲ. ನಮ್ಮ ಜನವೇ ಒಂದು ಬಳ್ಳಿಗೆ ಆಡುಮುಟ್ಟದ ಬಳ್ಳಿ ಅಂತ ಹೆಸರಿಟ್ಟಿದ್ದಾರಲ್ಲ! ಮೇಕೆ ಬಾಯಿ ನೋಡಿ ಹೆಸರಿಡೋದು ನಾನು ಕಂಡುಹಿಡಿದ ವಿದ್ಯೆ ಏನಲ್ಲ.

ಪಾವಗಡದ ಕಡೆ ಹೋದಾಗ ದಾರಿ ಬಿಟ್ಟು ಒಂದು ಕೆಲಸ ಮಾಡಿದೆ. ಅಲ್ಲಿ ತೆಲುಗು ಮಾತಾಡೋರು ಇದೇ ಸಣ್ಣ ಕಾರೆಗೆ ಬಲುಸು ಅನ್ನುತ್ತಾರೆ. ಬದುಕಿದ್ದರೆ ಬಲುಸಾಕು ತಿಂದಾದರೂ ಇರಬಹುದು ಅಂತ ಅವರಲ್ಲಿ ಗಾದೆ ಇದೆ. ಆಕು ಅಂದರೆ ಎಲೆ. ಮನುಷ್ಯರೂ ತಿಂದ ಸೊಪ್ಪು ಅಂತಾಯಿತು. ಮನೆಗೆ ತಂದು ಚಿಗುರು ಬಿಡಿಸಿ, ಬೇಳೆ ಹಾಕಿ ಬಸ್ಸಾರು ಮಾಡಿಸಿದೆ. ಮೊದಲ ಸಲ ಒಗರು, ಎರಡನೇ ಸಲ ನೀರು ಬಸಿದ ಮೇಲೆ ಪರವಾಗಿಲ್ಲ. 'ಮೂವತ್ತು ಸಾವಿರದ ಸಾರು' ಅಂತ ಹೆಂಡತಿ ಎಲ್ಲರಿಗೂ ಹೇಳಿಕೊಂಡು ಬಂದಳು.

ಊರ ಹೆಸರುಗಳಲ್ಲಿ ಕಾರೆ ಹುಡುಕೋ ಹುಚ್ಚೂ ಒಂದು ತಿಂಗಳು ಹಿಡಿದಿತ್ತು. ಕಾರ, ಕಾರು, ಕರಿ, ಕೆರೆ ಎಲ್ಲ ಕಲಸಿಹೋಗುತ್ತೆ. ಬಿಟ್ಟೆ.

ಹೆಸರು ಸಿಕ್ಕಿತು, ಗಿಡ ಮಾಡಬೇಕಲ್ಲ. ಕಡ್ಡಿ ನೆಟ್ಟು ನೋಡಿದೆ, 60ರಲ್ಲಿ ನಾಲ್ಕು ಬದುಕಿದವು. ಹಣ್ಣಿನ ಬೀಜ ನೇರ ಹಾಕಿದೆ, ಮೂರು ತಿಂಗಳು ಕಾದು ಕಾದು ಸಾಕಾಯಿತು. ಕೊನೆಗೆ ದಾರಿ ತೋರಿಸಿದವರು ಮತ್ತೆ ಮೇಕೆ ಕಾಯೋರೇ. ರಾತ್ರಿ ಮೆಲುಕು ಹಾಕುವಾಗ ಮೇಕೆ ಉಗುಳಿದ ಬೀಜ ರೊಪ್ಪದಲ್ಲಿ ಬಿದ್ದಿರುತ್ತೆ, ಗುಡಿಸಿ ಆರಿಸಿಕೋ ಅಂದರು. ಆರಿಸಿದೆ. ಆಮೇಲೆ ಆ ಬೀಜಕ್ಕೆ ಎಷ್ಟು ದಿನ ಏನು ಮಾಡುತ್ತೇನೆ ಅನ್ನೋದು ಇಲ್ಲಿ ಬೇಡ. ಹತ್ತರಲ್ಲಿ ಆರು ಮೊಳೆಯುತ್ತೆ ಅಂತ ಮಾತ್ರ ಹೇಳಬಲ್ಲೆ.

ಈಗ ಬದುವಿನಲ್ಲಿ ಹತ್ತಿರಹತ್ತಿರ 400 ಗಿಡ ಇವೆ. ಮೂರನೇ ಬೇಸಿಗೆ ಇದು. ಮೊದಲ ಎರಡು ವರ್ಷ ಮೇಕೆ ಬಿಡಲಿಲ್ಲ. ಈ ವರ್ಷ 22 ಮೇಕೆ ಬಿಟ್ಟೆ, ದಿನಕ್ಕೆ ಒಂದೊಂದು ಗಂಟೆ. ಹಿಂದಿನ ಬೇಸಿಗೆಯಲ್ಲಿ ಸೊಪ್ಪಿಗೆ ಕೊಡುತ್ತಿದ್ದ ದುಡ್ಡಿನಲ್ಲಿ ಮೂರನೇ ಒಂದು ಪಾಲು ಉಳಿದಿರಬಹುದು. ಬೇಡ ಅಂದಿದ್ದ ಮೇಷ್ಟ್ರು ಬಂದು ನೋಡಿದರು. ನನ್ನ ನೋಟ್‌ಬುಕ್ಕಿನ ಐವತ್ತು ಪುಟ ಜೆರಾಕ್ಸ್ ಮಾಡಿಸಿಕೊಂಡು ಹೋದರು, ಜೆರಾಕ್ಸ್ ದುಡ್ಡು ನಾನೇ ಕೊಟ್ಟೆ.

ಸಸಿ ಕೇಳಿಕೊಂಡು ಜನ ಬರುತ್ತಿದ್ದಾರೆ. ಒಂದಕ್ಕೆ 15 ರೂಪಾಯಿ ಇಟ್ಟಿದ್ದೇನೆ. ಫೋನ್‌ನಲ್ಲಿ ಆರ್ಡರ್ ತಗೊಳ್ಳಲ್ಲ. ನಿಮ್ಮ ಊರಲ್ಲಿ ಕಾರೆ ಅನ್ನೋ ಗಿಡದ ಒಂದು ಕೊಂಬೆ, ಎಲೆ ಮುಳ್ಳು ಸಮೇತ ಮುರಿದು ತನ್ನಿ ಅನ್ನುತ್ತೇನೆ. ಹೋದ ವಾರ ಒಬ್ಬರು ತಂದಿದ್ದು ಬಾರೆ ಕೊಂಬೆ. ಅವರಿಗೆ ಕಾಫಿ ಕೊಟ್ಟು ಕಳಿಸಿದೆ, ಕೊಂಬೆ ಇಟ್ಟುಕೊಂಡೆ.