ಹಿಂದಿನ ಸಾಲಿನಿಂದ ಮಣೆಯ ಮುಂದಕ್ಕೆ

ಬಳ್ಳಾರಿಯಲ್ಲಿ ನನ್ನ ಹತ್ತಿರ ಭರತನಾಟ್ಯ ಕಲಿಯಲು ಮಕ್ಕಳನ್ನು ಸೇರಿಸಲು ಬರುವವರು ಮೊದಲು ಕೇಳುವ ಪ್ರಶ್ನೆ, "ಮೇಡಂ, ನೀವು ಎಲ್ಲೆಲ್ಲಿ ಸೋಲೋ ಪ್ರೋಗ್ರಾಂ ಕೊಟ್ಟೀರಿ?" ಅಂತ. ಹೇಳಿಕೊಳ್ಳುವಂಥದ್ದೇನಿಲ್ಲ ಎಂದರೆ ಮುಖ ಸಣ್ಣದು ಮಾಡುತ್ತಾರೆ. ಬೆಂಗಳೂರಿನ ಒಂದು ಬ್ಯಾಲೆ ತಂಡದಲ್ಲಿ ವರ್ಷಗಟ್ಟಲೆ ಕುಣಿದಿದ್ದೇನೆ, ಸೀತೆಯ ಪಾತ್ರ ಮಾತ್ರ ಒಮ್ಮೆಯೂ ನನಗೆ ಬರಲಿಲ್ಲ. ನಾನು ಸಖಿ, ಸಮುದ್ರದ ಅಲೆ, ಲಂಕೆಯ ಬೆಂಕಿ, ವಾನರ ಸೇನೆಯ ಒಂದು ಕೋತಿ. ಜಾಗ ಹೆಚ್ಚಾಗಿ ಹಿಂದಿನ ಸಾಲು. ಈಗ ಕಲಿಸುವ ಕೆಲಸದಲ್ಲಿ ನನ್ನ ಕೈ ಹಿಡಿದಿರುವುದು ಆ ಹಿಂದಿನ ಸಾಲೇ.

ಬ್ಯಾಲೆ ಎಂದ ಕೂಡಲೇ ಕೆಲವರು ತುದಿಗಾಲಿನ ರಷ್ಯನ್ ಹುಡುಗಿಯರನ್ನು ನೆನೆಸಿಕೊಳ್ಳುತ್ತಾರೆ. ನಮ್ಮದು ಭರತನಾಟ್ಯ, ಕಥಕ್, ಜಾನಪದ ಎಲ್ಲ ಸೇರಿಸಿ ಕಥೆ ಹೇಳುವ ನೃತ್ಯರೂಪಕ. ಹಾಗಂತ ಸಂಬಂಧವೇ ಇಲ್ಲ ಅನ್ನುವಂತಿಲ್ಲ. ನರ್ತಕ ಉದಯಶಂಕರ್ 1923ರಲ್ಲಿ ರಷ್ಯದ ಬ್ಯಾಲೆ ತಾರೆ ಅನ್ನಾ ಪಾವ್ಲೋವಾ ಜೊತೆ ಲಂಡನ್ನಿನಲ್ಲಿ ಕುಣಿದವರು. ನಮ್ಮ ಕಥಕ್ ಕಲಾವಿದೆ ಮಾಯಾ ರಾವ್ 1960ರ ದಶಕದಲ್ಲಿ ಸೋವಿಯತ್ ರಷ್ಯಾಕ್ಕೆ ಹೋಗಿ ನೃತ್ಯ ಸಂಯೋಜನೆ ಕಲಿತು ಬಂದರು. ಗುಂಪನ್ನು ವೇದಿಕೆಯ ಮೇಲೆ ಹೇಗೆ ನಿಲ್ಲಿಸಬೇಕು, ಸಾಲು ಹೇಗೆ ಒಡೆದು ಹೇಗೆ ಕೂಡಬೇಕು ಎಂಬ ಲೆಕ್ಕಾಚಾರ ಇಂಥವರ ದಾರಿಯಲ್ಲೇ ನಮ್ಮಂಥ ತಂಡಗಳಿಗೆ ಇಳಿದು ಬಂದದ್ದು.

ಹಿಂದಿನ ಸಾಲಿನವರಿಗೆ ಇರುವ ಕಷ್ಟ ನಾಯಕಿಗೆ ಇರುವುದಿಲ್ಲ. ನಾಯಕಿ ಅರ್ಧ ಹೆಜ್ಜೆ ತಡವಾದರೆ ಅದೂ ಒಂದು ಭಾವ. ನಾವು ತಡವಾದರೆ ಸಾಲೇ ಕೆಡುತ್ತದೆ. ಕತ್ತು ತಿರುಗಿಸದೆ ಕಣ್ಣಂಚಿನಲ್ಲೇ ಪಕ್ಕದವಳ ಮೊಣಕೈ ನೋಡಬೇಕು, ಎದುರಿನವಳು ಬೆವರಿಗೆ ಜಾರಿದರೆ ಆ ಜಾಗ ತುಂಬಬೇಕು, ರೆಕಾರ್ಡಿಂಗ್ ನಡುವೆ ನಿಂತರೂ ಒಳಗೆ ಎಣಿಕೆ ನಡೆಯುತ್ತಲೇ ಇರಬೇಕು. ಇನ್ನೊಂದು ವಿಷಯ: ಗುಂಪು ಎರಡು ಭಾಗವಾಗಿ ಎದುರುಬದುರು ಕುಣಿಯುವಾಗ ಅರ್ಧ ಜನ ಬಲಗಾಲಿನಿಂದ ಶುರುಮಾಡಿದರೆ ಉಳಿದರ್ಧ ಎಡಗಾಲಿನಿಂದ. ಯಾರು ಯಾವ ದಿನ ರಜೆ ಹಾಕುತ್ತಾರೋ ಗೊತ್ತಿಲ್ಲದ ಕಾರಣ ನಾವು ಎರಡೂ ಕಡೆ ಕಲಿತಿರುತ್ತಿದ್ದೆವು. ಪಾಠ ಹೇಳಲು ನಿಂತಾಗ ಇದರ ಬೆಲೆ ತಿಳಿಯಿತು. ಮಕ್ಕಳಿಗೆ ಬೆನ್ನು ಹಾಕದೆ, ಎದುರಿಗೆ ನಿಂತು, ಕನ್ನಡಿಯಲ್ಲಿ ಕಂಡಂತೆ ಎಡಬಲ ಅದಲುಬದಲು ಮಾಡಿ ತೋರಿಸುವುದು ನನಗೆ ತಾನಾಗಿಯೇ ಬಂತು. ಒಳ್ಳೊಳ್ಳೆ ಏಕವ್ಯಕ್ತಿ ಕಲಾವಿದರು ಇಲ್ಲಿ ತಡವರಿಸುವುದನ್ನು ನೋಡಿದ್ದೇನೆ.

ಊರಿಗೆ ವಾಪಸಾಗಿದ್ದು ಮಂಡಿಯ ದೆಸೆಯಿಂದ. ಸಿಮೆಂಟಿನ ವೇದಿಕೆ, ಕಲ್ಲುಹಾಸು, ಒಮ್ಮೊಮ್ಮೆ ಮಟ್ಟವಿಲ್ಲದ ಮೈದಾನದ ಮೇಲೆ ಹಾಸಿದ ಬರೀ ಜಮಖಾನ. ಅದರ ಮೇಲೆ ತಟ್ಟಿ ತಟ್ಟಿ ಮಂಡಿ ಸವೆಯಿತು. ಸಂಬಳವೂ ಪ್ರೋಗ್ರಾಂ ಲೆಕ್ಕ. ಕುಣಿಯದ ತಿಂಗಳು ಕಾಸಿಲ್ಲ. ಅದರ ಬಗ್ಗೆ ಹೆಚ್ಚು ಹೇಳುವುದು ಬೇಡ.

ಬರುವ ಮುಂಚೆ ಬೆಂಗಳೂರಿನಲ್ಲಿ ಪಾಶ್ಚಾತ್ಯ ಬ್ಯಾಲೆಯ ಒಂದು ಕಾರ್ಯಾಗಾರಕ್ಕೆ ಹೋಗಿದ್ದೆ. ಅಲ್ಲಿ ಕಲಿತದ್ದನ್ನು ಇವತ್ತಿಗೂ ದಿನಾ ಬಳಸುತ್ತೇನೆ. ಅವರಲ್ಲೂ, ಮಂಡಿ ಬಾಗಿಸಿ ಅರ್ಧ ಕೂರುವ ನಮ್ಮ ಅರೆಮಂಡಿಯ ಹಾಗೆ, ಕಾಲು ಹೊರಗೆ ತಿರುಗಬೇಕು. ಆದರೆ ಆ ತಿರುವು ಸೊಂಟದ ಕೀಲಿನಿಂದ ಹೊರಡಬೇಕು, ಪಾದದಿಂದ ಅಲ್ಲ ಎಂದು ಅವರು ಮೊದಲ ದಿನವೇ ಕಟ್ಟುನಿಟ್ಟು ಮಾಡುತ್ತಾರೆ. ನಮ್ಮ ಮಕ್ಕಳು ಏನು ಮಾಡುತ್ತಾರೆ? ಪಾದವನ್ನು ಎಳೆದು ಅಡ್ಡ ಇಡುತ್ತಾರೆ, ಮಂಡಿ ಮಾತ್ರ ಮುಂದಕ್ಕೇ ಉಳಿಯುತ್ತದೆ, ಭಾರವೆಲ್ಲ ಮಂಡಿಯ ಒಳಬದಿಗೆ ಬೀಳುತ್ತದೆ. ನನ್ನ ತರಗತಿಯಲ್ಲಿ ಅರೆಮಂಡಿ ಕೂತ ಮಗುವಿನ ಮುಂದೆ ನಾನು ನೆಲದ ಮೇಲೆ ಕೂತು ಒಂದೇ ನೋಡುತ್ತೇನೆ: ಮಂಡಿಚಿಪ್ಪು ಕಾಲಿನ ಎರಡನೇ ಬೆರಳಿನ ನೇರಕ್ಕೆ ಇದೆಯೋ ಇಲ್ಲವೋ. ಇಲ್ಲದಿದ್ದರೆ ಪಾದವನ್ನು ಒಳಗೆ ತರಿಸುತ್ತೇನೆ. ನೋಡಲು ಅಷ್ಟು ಅಗಲ ಕಾಣುವುದಿಲ್ಲ, ತಾಯಂದಿರಿಗೆ ಬೇಸರ. ಇರಲಿ.

ಇನ್ನು ನೆಲ. ಬಳ್ಳಾರಿಯ ಮನೆಗಳಲ್ಲಿ ಹೆಚ್ಚಿನವು ಕಡಪ ಕಲ್ಲಿನ ನೆಲ. ಬ್ಯಾಲೆಯವರು ಕೆಳಗೆ ಜಾಗ ಬಿಟ್ಟು ಹೊಂದಿಸಿದ, ಹೆಜ್ಜೆಗೆ ಸ್ವಲ್ಪ ಬಾಗುವ ಮರದ ನೆಲವಿಲ್ಲದೆ ಅಭ್ಯಾಸ ಮಾಡುವುದಿಲ್ಲ. ಅಷ್ಟು ದುಡ್ಡು ನನ್ನಲ್ಲಿರಲಿಲ್ಲ. ಕಡಪದ ಮೇಲೆ ರಬ್ಬರ್ ಶೀಟು, ಅದರ ಮೇಲೆ ದಪ್ಪ ಪ್ಲೈವುಡ್ ಹಾಕಿಸಿದೆ. ಮೇ ತಿಂಗಳಲ್ಲಿ ಇಲ್ಲಿ ನಲವತ್ತು ಡಿಗ್ರಿ ದಾಟುತ್ತದೆ, ತರಗತಿ ಬೆಳಿಗ್ಗೆ ಆರಕ್ಕೇ ಶುರು. ಮಕ್ಕಳಿಗೆ ತಣ್ಣನೆಯ ಕಲ್ಲೇ ಇಷ್ಟ. ಹಲಗೆ ಬಿಟ್ಟು ಕಲ್ಲಿನ ಮೇಲೆ ಜಾರಿಕೊಳ್ಳುವವರನ್ನು ಎಳೆದು ತರಬೇಕು. ಹಲಗೆಯಿಂದ ಇನ್ನೊಂದು ಲಾಭ, ಸದ್ದು. ಕಣ್ಣುಮುಚ್ಚಿದರೂ "ತೈಯಾ ತೈ"ಯಲ್ಲಿ ಯಾರ ಕಾಲು ಹಿಂದೆ ಬಿತ್ತು, ಯಾರು ಹಿಮ್ಮಡಿ ಮಾತ್ರ ಬಡಿದರು ಎಂದು ಕೇಳುತ್ತದೆ.

ಗೋಡೆಗೆ ಸೊಂಟದ ಎತ್ತರದಲ್ಲಿ ಒಂದು ಜಿಐ ಪೈಪು ವೆಲ್ಡಿಂಗ್ ಮಾಡಿಸಿದ್ದೇನೆ, ಹಿಡಿದುಕೊಂಡು ಕಾಲು ಸಡಿಲಿಸಲು. "ಭರತನಾಟ್ಯಕ್ಕೆ ಇದ್ಯಾಕೆ, ಇದು ಫಾರಿನ್ನವರದ್ದು" ಎಂದು ಹಿರಿಯರೊಬ್ಬರು ಆಕ್ಷೇಪಿಸಿದರು. ಅವರಿಗೆ ಡೊಮಿಂಗೊ ಪಾಯಸ್ ಬರೆದದ್ದನ್ನು ಹೇಳಿದೆ. 1520ರ ಆಸುಪಾಸಿನಲ್ಲಿ, ಕೃಷ್ಣದೇವರಾಯನ ಕಾಲದಲ್ಲಿ ವಿಜಯನಗರ ನೋಡಿದ ಪೋರ್ಚುಗೀಸ ಆತ. ಅರಮನೆಯಲ್ಲಿ ಹೆಂಗಸರಿಗೆ ನೃತ್ಯ ಕಲಿಸುವ ಒಂದು ಮನೆಯನ್ನು ವರ್ಣಿಸುತ್ತಾನೆ. ನೃತ್ಯ ಮುಗಿದಾಗ ನಿಲ್ಲಬೇಕಾದ ಭಂಗಿಗಳನ್ನು ಅಲ್ಲಿ ಕೆತ್ತಿಸಿದ್ದರಂತೆ, ಮರೆತವರು ನೋಡಿ ನೆನಪು ಮಾಡಿಕೊಳ್ಳಲಿ ಎಂದು. ಮೂಲೆಯಲ್ಲಿ ಕೈಯಿಂದ ಹಿಡಿದುಕೊಂಡು ಮೈಕಾಲು ಹಿಗ್ಗಿಸಿ ಸಡಿಲಿಸಲು ಒಂದು ಜಾಗವಿತ್ತಂತೆ. ಪ್ಯಾರಿಸ್ಸಿನಲ್ಲಿ ಹದಿನಾಲ್ಕನೇ ಲೂಯಿ ನೃತ್ಯ ಅಕಾಡೆಮಿ ತೆರೆದದ್ದು 1661ರಲ್ಲಿ. ನಮ್ಮ ಊರಿನಿಂದ ಅರವತ್ತು ಕಿಲೋಮೀಟರ್ ದೂರದ ಹಂಪಿಯಲ್ಲಿ ಅದಕ್ಕೂ ಮುಂಚೆ ಹಿಡಿಕೆ ಇತ್ತು! ಹಿರಿಯರು ಒಪ್ಪಿದರೋ ಇಲ್ಲವೋ, ಪೈಪು ಉಳಿಯಿತು. ಪಾಯಸ್‌ನಿಂದ ಇನ್ನೊಂದನ್ನೂ ಕದ್ದಿದ್ದೇನೆ: ಪ್ರತಿ ಅಡವಿನ, ಅಂದರೆ ಮೂಲ ಹೆಜ್ಜೆಯ, ಕೊನೆಯ ಭಂಗಿಯಲ್ಲಿ ಮಕ್ಕಳದ್ದೇ ಫೋಟೋ ತೆಗೆದು ಗೋಡೆಗೆ ಅಂಟಿಸಿದ್ದೇನೆ.

ನಿಜವಾಗಿ ಬೆವರಿಳಿಸಿದ್ದು ನಟುವಾಂಗ, ಅಂದರೆ ತಾಳ ಹಾಕಿ ಕುಣಿಸುವ ಕೆಲಸ. ಬ್ಯಾಲೆಯಲ್ಲಿ ಎಲ್ಲ ರೆಕಾರ್ಡಿಂಗ್, ಬಾಯಿ ಮುಚ್ಚಿಕೊಂಡು ಕುಣಿದರಾಯಿತು. ಇಲ್ಲಿ ಮರದ ಮಣೆಯ ಮೇಲೆ ಕೋಲು ಬಡಿಯುತ್ತ, ಬಾಯಲ್ಲಿ ಹೆಜ್ಜೆಯ ಸೊಲ್ಲುಗಳನ್ನು, ಸೊಲ್ಲುಕಟ್ಟು, ಹೇಳುತ್ತ, ಕಣ್ಣಲ್ಲಿ ಇಪ್ಪತ್ತು ಜೊತೆ ಕಾಲು ನೋಡಬೇಕು. ಮೊದಲ ಕಾಲದಲ್ಲಿ, ಅಂದರೆ ನಿಧಾನದ ವೇಗದಲ್ಲಿ, ಸರಿ. ಜೋರಿನ ಮೂರನೇ ಕಾಲಕ್ಕೆ ಹೋದಾಗ ನಾಲಿಗೆ ಓಡುತ್ತಿತ್ತು, ಕೈ ಹಿಂದೆ ಬೀಳುತ್ತಿತ್ತು. ಒಬ್ಬ ಮೃದಂಗದ ಮೇಷ್ಟ್ರ ಹತ್ತಿರ ಕೂತು ತಕಿಟ, ತಕಧಿಮಿಯಿಂದ ಶುರುಮಾಡಿ, ಐದರ ಎಣಿಕೆಯ ಖಂಡ, ಏಳರ ಎಣಿಕೆಯ ಮಿಶ್ರ ನಾಲಿಗೆಗೆ ಹತ್ತುವವರೆಗೆ ಅಡಿಗೆಮನೆಯಲ್ಲೂ ಹೇಳಿಕೊಂಡೆ. ಕುಕ್ಕರಿನ ವಿಷಲ್ ಎಲ್ಲಿ ಬಿತ್ತು ಎಂದು ಎಣಿಸುವಷ್ಟು ಹುಚ್ಚು ಹಿಡಿದಿತ್ತು.

ಅಭಿನಯದಲ್ಲಿ ಬಳ್ಳಾರಿಗೆ ಒಂದು ಅನುಕೂಲವಿದೆ. 1953ರವರೆಗೆ ಮದ್ರಾಸಿಗೆ ಸೇರಿದ್ದ ಊರು, ಇಲ್ಲಿ ಅರ್ಧ ಮನೆಗಳಲ್ಲಿ ತೆಲುಗೂ ಆಡುತ್ತಾರೆ. ಕ್ಷೇತ್ರಯ್ಯನ ತೆಲುಗು ಪದ ತೆಗೆದುಕೊಂಡರೆ ಬೆಂಗಳೂರಿನಲ್ಲಿ ಸಾಲು ಸಾಲಿಗೆ ಅರ್ಥ ಬರೆಸಬೇಕು. ಇಲ್ಲಿ ಮಗು ಮನೆಗೆ ಹೋಗಿ ಅವ್ವನನ್ನು ಕೇಳಿ ಬರುತ್ತದೆ, ಮರುದಿನ ನನಗೇ ಹೊಸದೊಂದು ಅರ್ಥ ಹೇಳುತ್ತದೆ.

ವರ್ಷಕ್ಕೊಮ್ಮೆ ಮಕ್ಕಳಿಂದ ಒಂದು ಬ್ಯಾಲೆ ಮಾಡಿಸುತ್ತೇನೆ. ಜೂನಿಯರ್, ಸೀನಿಯರ್ ಪರೀಕ್ಷೆಗೆ ಇದರಿಂದ ಅಂಕ ಸಿಗುವುದಿಲ್ಲ, ಖರ್ಚು ಬೇರೆ. ಆದರೂ ಮಾಡಿಸುತ್ತೇನೆ, ಯಾಕೆಂದರೆ ಒಬ್ಬಳೇ ಚೆನ್ನಾಗಿ ಕುಣಿಯುವ ಹುಡುಗಿಗೆ ಪಕ್ಕದವಳ ಕಾಲು ಕೇಳಿಸಿಕೊಳ್ಳಲು ಬರುವುದಿಲ್ಲ. ನನ್ನ ನಿಯಮ, ಪ್ರತಿ ದೃಶ್ಯಕ್ಕೂ ಸಾಲು ಬದಲು: ಒಂದರಲ್ಲಿ ಸೀತೆಯಾದವಳು ಮುಂದಿನದರಲ್ಲಿ ಅಲೆ. ಕಳೆದ ಸಲ ಒಬ್ಬ ತಂದೆ ತಾಲೀಮಿಗೇ ಬಂದು, "ಏನ್ರೀ ಮೇಡಂ, ನಮ್ಮ ಹುಡುಗೀನ ಹಿಂದೆ ನಿಲ್ಸಿಬಿಟ್ಟೀರಿ, ವಿಡಿಯೋದಾಗೆ ಕಾಣೋದೇ ಇಲ್ಲ" ಎಂದು ಜಗಳಕ್ಕೆ ನಿಂತರು. "ಮುಂದಿನ ಸಾಲು ತಪ್ಪಿದಾಗ ಅವಳೇ ಹಿಡಿದು ನಿಲ್ಲಿಸೋದು, ಅದಕ್ಕೇ ಅಲ್ಲಿ ನಿಲ್ಸಿದೀನಿ" ಎಂದೆ. ಅವರಿಗೆ ಸಮಾಧಾನವಾಗಲಿಲ್ಲ. ಫೀಸು ಮಾತ್ರ ಕಟ್ಟಿ ಹೋದರು, ಹುಡುಗಿ ಈಗಲೂ ಬರುತ್ತಿದ್ದಾಳೆ.