ಮೇಲಿನ ಕೋರ್ಟಿನ ತೀರ್ಪು ಬರುವ ತನಕ ಶಿಕ್ಷಕರು ನೌಕರಿ ಉಳಿಸಿಕೊಳ್ಳುವುದು ಹೇಗೆ?

ನೇಮಕಾತಿ ರದ್ದು ಎಂಬ ತೀರ್ಪು ಬಂತೆಂದು ಅಂದೇ ಯಾರೂ ಶಾಲೆ ಬಿಡಬೇಕಿಲ್ಲ. ಬಿಇಒ (ಕ್ಷೇತ್ರ ಶಿಕ್ಷಣಾಧಿಕಾರಿ) ಕಚೇರಿಯಿಂದ ಹುದ್ದೆಯ ಬಿಡುಗಡೆ ಆದೇಶ ಕೈಗೆ ಬಂದ ಮೇಲೆ ದಾರಿ ಕಷ್ಟ. ಅಷ್ಟರೊಳಗೆ ತಡೆಯಾಜ್ಞೆ ತರಬೇಕು.

ತೀರ್ಪು ಓದುವಾಗಲೇ, ಮೇಲ್ಮನವಿ ಹಾಕುವವರೆಗೆ ಆದೇಶವನ್ನು ಕೆಲವು ವಾರ ಅಮಾನತಿನಲ್ಲಿಡಿ ಎಂದು ಅದೇ ಪೀಠವನ್ನು ವಕೀಲರ ಮೂಲಕ ಕೇಳಿಸಿ. ಅಂದೇ ದೃಢೀಕೃತ ಪ್ರತಿಗೂ ಅರ್ಜಿ ಕೊಡಿ.

ಮುಂದಿನ ಮೆಟ್ಟಿಲು ಯಾವುದು? ಕೆಎಟಿ (ಸರ್ಕಾರಿ ನೌಕರರ ಸೇವಾ ವ್ಯಾಜ್ಯ ನೋಡುವ ಕರ್ನಾಟಕ ಆಡಳಿತ ನ್ಯಾಯಮಂಡಳಿ) ಆದೇಶವಾದರೆ ಹೈಕೋರ್ಟಿನ ವಿಭಾಗೀಯ ಪೀಠಕ್ಕೆ, ಅಂದರೆ ಇಬ್ಬರು ನ್ಯಾಯಮೂರ್ತಿಗಳ ಪೀಠಕ್ಕೆ, ರಿಟ್ ಅರ್ಜಿ. ರಿಟ್ ಅರ್ಜಿಯಲ್ಲಿ ಹೈಕೋರ್ಟಿನ ಏಕಸದಸ್ಯ ಪೀಠ ಕೊಟ್ಟ ತೀರ್ಪಾದರೆ 30 ದಿನದೊಳಗೆ ರಿಟ್ ಮೇಲ್ಮನವಿ. ವಿಭಾಗೀಯ ಪೀಠದ ತೀರ್ಪಿನ ವಿರುದ್ಧ 90 ದಿನದೊಳಗೆ ಸುಪ್ರೀಂ ಕೋರ್ಟಿಗೆ ವಿಶೇಷ ಅನುಮತಿ ಅರ್ಜಿ. ಆಯ್ಕೆಯಾದ ಎಷ್ಟೋ ಶಿಕ್ಷಕರು ಮೂಲ ಪ್ರಕರಣದಲ್ಲಿ ಕಕ್ಷಿದಾರರೇ ಆಗಿರುವುದಿಲ್ಲ. ಅಂಥವರು ಮೇಲ್ಮನವಿಗೆ ಮೊದಲು ಕೋರ್ಟಿನ ಅನುಮತಿ ಕೇಳಬೇಕು.

ಮೇಲ್ಮನವಿ ದಾಖಲಾದ ಮಾತ್ರಕ್ಕೆ ರಕ್ಷಣೆ ಸಿಗದು. ತಡೆಯಾಜ್ಞೆ ಕೋರುವ ಮಧ್ಯಂತರ ಅರ್ಜಿ ಬೇರೆಯೇ ಬೇಕು. ಮೇಲ್ನೋಟಕ್ಕೆ ಪ್ರಕರಣದಲ್ಲಿ ಹುರುಳಿದೆಯೇ, ತಡೆ ಕೊಡದಿದ್ದರೆ ಯಾರಿಗೆ ಹೆಚ್ಚು ತೊಂದರೆ, ಆಗುವ ನಷ್ಟ ಮುಂದೆ ಭರಿಸಲಾಗದ್ದೇ ಎಂದು ಕೋರ್ಟು ನೋಡುತ್ತದೆ. ‘ಕುಟುಂಬ ಬೀದಿಗೆ ಬರುತ್ತದೆ’ ಎಂಬ ಒಂದೇ ಸಾಲು ಸಾಲದು. ನೇಮಕಾತಿ ಆದೇಶ, ಸೇವಾ ಪುಸ್ತಕದ ಪುಟಗಳ ಜೊತೆ ಶಾಲೆಯ ಲೆಕ್ಕವನ್ನೂ ಕೊಡಿ: ಮಕ್ಕಳೆಷ್ಟು, ಗಣಿತಕ್ಕೆ ನೀವೊಬ್ಬರೇನಾ, ಪರೀಕ್ಷೆ ಯಾವಾಗ. ಪಶ್ಚಿಮ ಬಂಗಾಳದಲ್ಲಿ 2016ರ ಶಾಲಾ ನೇಮಕಾತಿಯನ್ನು ಅಕ್ರಮದ ಕಾರಣಕ್ಕೆ ರದ್ದು ಮಾಡಿದ ಸುಪ್ರೀಂ ಕೋರ್ಟ್, 2025ರ ಏಪ್ರಿಲ್ 17ರಂದು ಕಳಂಕವಿಲ್ಲದ ಶಿಕ್ಷಕರನ್ನು ತಾತ್ಕಾಲಿಕವಾಗಿ ಮುಂದುವರಿಸಿದ್ದು ಮಕ್ಕಳ ಪಾಠ ಕೆಡಬಾರದೆಂದು. ಗುಮಾಸ್ತ, ಜವಾನರಂಥ ಗ್ರೂಪ್ ಸಿ, ಡಿ ನೌಕರರಿಗೆ ಆ ಅನುಕೂಲ ಸಿಗಲಿಲ್ಲ.

ಹೆಚ್ಚಿನವರು ಎಡವುವುದು ಕೋರಿಕೆಯ ಮಾತಿನಲ್ಲಿ. ಬಿಡುಗಡೆಯಾದ ಮೇಲೆ ಬರೀ ‘ಯಥಾಸ್ಥಿತಿ’ ಕೇಳಿದರೆ, ಹೊರಗಿರುವುದೇ ಯಥಾಸ್ಥಿತಿ ಎಂದು ಇಲಾಖೆ ಹೇಳಬಹುದು. ‘ಅದೇ ಹುದ್ದೆಯಲ್ಲಿ, ವೇತನ ಸಹಿತ ಮುಂದುವರಿಸಬೇಕು’ ಎಂದೇ ಬರೆಸಿ.

ತಡೆಯಾಜ್ಞೆ ಸಿಕ್ಕಿದ ದಿನವೇ ಪ್ರತಿಯನ್ನು ಮುಖ್ಯ ಶಿಕ್ಷಕರು, ಬಿಇಒ, ಡಿಡಿಪಿಐ (ಜಿಲ್ಲೆಯ ಶಾಲಾ ಶಿಕ್ಷಣ ಉಪನಿರ್ದೇಶಕರು) ಮೂವರಿಗೂ ಕೊಟ್ಟು ಸ್ವೀಕೃತಿ ಮೊಹರು ಹಾಕಿಸಿಕೊಳ್ಳಿ. ಮೊಹರಿನ ಮೇಲೆ ದಿನಾಂಕ ಕಾಣುತ್ತಿರಲಿ. ಸಂಬಳ ನಿಂತರೆ ಅದೇ ಸಾಕ್ಷಿ.

ಕಚೇರಿ ಮುಚ್ಚಳಿಕೆ ಕೇಳಿದರೆ ಓದದೆ ಸಹಿ ಮಾಡಬೇಡಿ. ‘ಸೋತರೆ ಹೆಚ್ಚುವರಿ ಸಂಬಳ ಮರಳಿಸುತ್ತೇನೆ’ ಎಂಬ ಸಾಲು ಮುಂದೆ ವಸೂಲಿಗೆ ಆಧಾರವಾಗುತ್ತದೆ. ತಡೆಯಾಜ್ಞೆಯ ಬಲದಿಂದ ಎಷ್ಟು ವರ್ಷ ದುಡಿದರೂ ಅದರಿಂದಲೇ ಕಾಯಮಾತಿ ಹಕ್ಕು ಹುಟ್ಟದು ಎಂದು ಕರ್ನಾಟಕದ್ದೇ ಆದ ಉಮಾದೇವಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2006ರಲ್ಲೇ ತೀರ್ಮಾನಿಸಿದೆ.

ಆರು ತಿಂಗಳಾದರೆ ತಡೆಯಾಜ್ಞೆ ತಾನಾಗಿ ಬಿದ್ದುಹೋಗುತ್ತದೆ ಎಂಬ ಮಾತು ಈಗ ಸಲ್ಲದು. 2024ರ ಫೆಬ್ರುವರಿ 29ರಂದು ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ ಆ ನಿಯಮವನ್ನು ತೆಗೆದುಹಾಕಿದೆ. ಆದರೆ ತಡೆಯಾಜ್ಞೆಯಲ್ಲಿ ‘ಮುಂದಿನ ವಿಚಾರಣೆವರೆಗೆ’ ಎಂದಿದ್ದರೆ ಆ ದಿನಕ್ಕೇ ಮುಗಿಯುತ್ತದೆ. ಪ್ರತಿ ವಿಚಾರಣೆಯ ಸಂಜೆ ಆದೇಶದ ಹಾಳೆಯಲ್ಲಿ ‘ವಿಸ್ತರಿಸಲಾಗಿದೆ’ ಎಂಬ ಪದ ಇದೆಯೇ ನೋಡಿ. ಇಲ್ಲದಿದ್ದರೆ ಮರುದಿನ ಬೆಳಿಗ್ಗೆಯೇ ವಕೀಲರಿಂದ ಕೋರ್ಟಿನ ಮುಂದೆ ಪ್ರಸ್ತಾಪ ಮಾಡಿಸಿ.