ಕುರಿ–ದನಗಳ ಮೇವಿನ ಕದನವನ್ನು ತರಗತಿಯಲ್ಲಿ ಕಲಿಸುವ ಬಗೆ

ಅಮೆರಿಕದ ಪಶ್ಚಿಮ ಸೀಮೆಯಲ್ಲಿ ಕುರಿಗಾಹಿಗಳಿಗೂ ದನದ ಒಡೆಯರಿಗೂ ನಡೆದ ಕದನವನ್ನು ಉಡುಪಿಯ ಪ್ರೌಢಶಾಲೆಯ ಮಕ್ಕಳಿಗೆ ಕಲಿಸುವವರು ಬಂದೂಕನ್ನು ಬದಿಗಿಟ್ಟು ನೀರಿನಿಂದ ಆರಂಭಿಸಬೇಕು. ಕರಿಹಲಗೆಯ ಮೇಲೆ ಒಂದು ತೊರೆ ಬರೆದು, ದಡದಲ್ಲಿ ಸಣ್ಣ ಚೌಕ ಹಾಕಿ, 1862ರ ಹೋಮ್‌ಸ್ಟೆಡ್ ಕಾಯ್ದೆಯಂತೆ ಒಬ್ಬನಿಗೆ ಸಿಗುತ್ತಿದ್ದ 160 ಎಕರೆ ಇದು ಎಂದು ತಿಳಿಸಿ. ಸುತ್ತಲಿನ ಸಾವಿರಾರು ಎಕರೆ ಸರಕಾರದ್ದೇ ಆಗಿದ್ದರೂ, ಆ ಒಣಸೀಮೆಯಲ್ಲಿ ನೀರು ಯಾರ ಕೈಯಲ್ಲಿತ್ತೋ ಹುಲ್ಲೂ ಅವರ ವಶವಾಗುತ್ತಿತ್ತು. ಜಡಿಮಳೆಯಲ್ಲೇ ಬೆಳೆದ ನಮ್ಮ ಮಕ್ಕಳಿಗೆ ಇದು ತಾನಾಗಿ ಹೊಳೆಯದು. ಇಲ್ಲಿ ಅವಸರ ಬೇಡ.

ಹಕ್ಕಿನ ಪ್ರಶ್ನೆಗಾದರೆ ನಮ್ಮಲ್ಲೇ ಉದಾಹರಣೆಯಿದೆ. ಕರಾವಳಿಯಲ್ಲಿ ವರ್ಗ ಜಾಗದ (ಕೃಷಿಕರ ಸ್ವಂತ ಪಟ್ಟಾ ಜಮೀನಿನ) ಸುತ್ತಲಿನ 100 ಗಜದೊಳಗಿನ ಕುಮ್ಕಿ ಎಂಬ ಜಾಗ ಸರಕಾರದ್ದಾದರೂ ಅಲ್ಲಿನ ಸೊಪ್ಪು, ತರಗೆಲೆ, ಮೇವನ್ನು ವರ್ಗದಾರರು ಬಳಸಿಕೊಳ್ಳಬಹುದೆಂಬುದನ್ನು ಕೃಷಿಕರ ಮನೆಯ ಮಕ್ಕಳಿಂದಲೇ ಹೇಳಿಸಿ. ಬಳಿಕ ವ್ಯತ್ಯಾಸವನ್ನು ತೋರಿಸಿ: ಕುಮ್ಕಿಗೆ ಕಾನೂನಿನ ಮನ್ನಣೆಯಿದೆ, ಕುರಿಗಳು ದಾಟಕೂಡದೆಂದು ಅಮೆರಿಕದ ವಯೋಮಿಂಗ್ ರಾಜ್ಯದ ದನದ ಒಡೆಯರು ತಾವೇ ಗೊತ್ತುಮಾಡಿದ ಗಡಿಗೆ ಅಂಥ ಆಧಾರವೇ ಇರಲಿಲ್ಲ.

ಕುರಿಯ ಮೇಲ್ತುಟಿ ಸೀಳಿರುವುದರಿಂದ ಅದು ಹುಲ್ಲನ್ನು ನೆಲಮಟ್ಟಕ್ಕೆ ಕಚ್ಚಬಲ್ಲದು. ನಾಲಗೆಯಿಂದ ಸುತ್ತಿ ಎಳೆಯುವ ದನಕ್ಕೆ ಗಿಡ್ಡ ಹುಲ್ಲು ದಕ್ಕದು. ಹಾಗೆಂದು ಗೋಮಾಳ ಹಾಳಾದ ತಪ್ಪನ್ನೆಲ್ಲ ಕುರಿಯ ತಲೆಗೆ ಕಟ್ಟುವುದು ಅನ್ಯಾಯ. 1886–87ರ ಚಳಿಗಾಲದಲ್ಲಿ ದನಗಳು ರಾಶಿರಾಶಿಯಾಗಿ ಸತ್ತದ್ದಕ್ಕೆ ಹಿಮದಷ್ಟೇ, ಅವುಗಳ ಸಂಖ್ಯೆ ಮಿತಿಮೀರಿ ಮೇವು ತೀರಿಹೋಗಿದ್ದುದೂ ಕಾರಣ.

ಹಲವು ದಾಳಿಗಳ ಪಟ್ಟಿ ಒಪ್ಪಿಸುವ ಬದಲು ಒಂದನ್ನೇ ಪೂರ್ತಿಯಾಗಿ ಹೇಳಿ. 1909ರ ಏಪ್ರಿಲ್ 2ರ ರಾತ್ರಿ ವಯೋಮಿಂಗ್‌ನ ಟೆನ್ ಸ್ಲೀಪ್ ಬಳಿಯ ಸ್ಪ್ರಿಂಗ್ ಕ್ರೀಕ್‌ನಲ್ಲಿ ಬೀಡುಬಿಟ್ಟಿದ್ದ ಕುರಿಗಾಹಿಗಳ ಮೇಲೆ ಮುಸುಕುಧಾರಿಗಳು ಎರಗಿದರು. ಮೂವರು ಹತರಾದರು, ಬಂಡಿಗಳು ಸುಟ್ಟುಹೋದವು. ಹತರಲ್ಲೊಬ್ಬನಾದ ಜೋ ಎಂಜ್ ಹಿಂದೆ ತಾನೇ ದನ ಸಾಕಿದ್ದವನು. ಈ ವಿವರವನ್ನು ದಯವಿಟ್ಟು ಬಿಡಬೇಡಿ, ಏಕೆಂದರೆ ಹುಟ್ಟಾ ವೈರಿಗಳಾದ ಎರಡು ಪಂಗಡಗಳು ಕಾದಾಡಿದವೆಂಬ ತಪ್ಪು ತಿಳಿವಳಿಕೆ ಇದರಿಂದ ದೂರವಾಗುತ್ತದೆ. ಇಂಥ ದಾಳಿಗಳಿಗೆ ಶಿಕ್ಷೆಯಾಗುವುದೇ ವಿರಳವಾಗಿದ್ದ ಕಾಲದಲ್ಲಿ ಈ ಪ್ರಕರಣದ ಐವರು ಜೈಲು ಸೇರಿದರು.

ಕೊನೆಯ ಕಾಲು ಗಂಟೆಯನ್ನು 1934ರ ಟೇಲರ್ ಕಾಯ್ದೆಗೆ ಮೀಸಲಿಡಿ. ಸರಕಾರಿ ಜಮೀನಿನಲ್ಲಿ ಮೇಯಿಸಲು ಪರವಾನಗಿ ಬೇಕೆಂದು ಅದು ವಿಧಿಸಿತು. ಮೇವಿನ ಲೆಕ್ಕದಲ್ಲಿ ಒಂದು ಹಸುವಿಗೆ ಐದು ಕುರಿ ಸಮ. 100 ಹಸುಗಳಿಗೆ ಸಾಲುವ ಗೋಮಾಳವನ್ನು ಮಕ್ಕಳ ಎರಡು ಗುಂಪುಗಳು, ಒಂದು ದನದ ಒಡೆಯರಾಗಿ ಇನ್ನೊಂದು ಕುರಿಗಾಹಿಗಳಾಗಿ, ಹಂಚಿಕೊಳ್ಳಲಿ. ಹತ್ತಿರದಲ್ಲಿ ಸ್ವಂತ ಜಮೀನು ಅಥವಾ ನೀರಿನ ಹಕ್ಕು ಇದ್ದವರಿಗೇ ಕಾಯ್ದೆ ಆದ್ಯತೆ ಕೊಟ್ಟಿದ್ದರಿಂದ, ಜಮೀನಿಲ್ಲದ ಅಲೆಮಾರಿ ಕುರಿಗಾಹಿಯ ಪಾತ್ರಕ್ಕೂ ಒಬ್ಬರನ್ನು ನಿಲ್ಲಿಸಿ, ಅವರ ಅರ್ಜಿಗೆ ಏನು ಉತ್ತರ ಕೊಡುವಿರೆಂದು ಎರಡೂ ಗುಂಪುಗಳಿಂದ ಬರೆಸಿ.